ಐವತ್ತು ರೂಪಾಯಿ ಟಿಕೆಟ್ಟು, ಲಕ್ಷ ರೂಪಾಯಿ ಟೂರು

ಇವತ್ತು ರಾಜಕೀಯ ಬೇಡ. ಯಾರು ಯಾರನ್ನ ಬೈದರು, ಯಾವ ಶಾಸಕರು ಯಾವ ರೆಸಾರ್ಟಿನಲ್ಲಿ ಕೂತಿದ್ದಾರೆ, ಅದೆಲ್ಲ ನಾಳೆಗೂ ಇರುತ್ತೆ. ರಜೆ ಹತ್ತಿರ ಬಂತು. ಮನೆ ಮನೆಯಲ್ಲೂ ಒಂದೇ ಪ್ರಶ್ನೆ. ಈ ಸಲ ಎಲ್ಲಿಗೆ?

ನಿಮ್ಮ ಮೊಬೈಲಿಗೂ ಆ ಜಾಹೀರಾತು ಬಂದಿರುತ್ತೆ. ದೆಹಲಿ, ಆಗ್ರಾ, ಜೈಪುರ. ಐದು ರಾತ್ರಿ, ಆರು ಹಗಲು. ಪ್ರೈವೇಟ್ ಲಕ್ಷುರಿ ಟೂರ್. ವಿಮಾನ ಇಳಿದ ತಕ್ಷಣ ಬಾಗಿಲಲ್ಲಿ ದೊಡ್ಡ ಕಾರು, ರಾತ್ರಿ ಅರಮನೆಯಲ್ಲಿ ವಾಸ, ನಿಮ್ಮ ಸಂಸಾರಕ್ಕೇ ಅಂತ ಒಬ್ಬ ಗೈಡು. ಗುಂಪಿಲ್ಲ, ಗದ್ದಲ ಇಲ್ಲ. ಮಹಾರಾಜರ ಹಾಗೆ ಊರು ನೋಡಿ ಬನ್ನಿ! ನಾಲ್ಕು ಜನಕ್ಕೆ ಎಷ್ಟಾಗುತ್ತೆ ಸ್ವಾಮಿ ಅಂತ ಕೇಳಿದರೆ ಮಾತು ಲಕ್ಷದಿಂದಲೇ ಶುರುವಾಗುತ್ತೆ. ಹೋಟೆಲು ದೊಡ್ಡದಾದಷ್ಟೂ ಆ ಲಕ್ಷ ಎರಡಾಗುತ್ತೆ, ನಾಲ್ಕಾಗುತ್ತೆ.

ಈಗ ಇನ್ನೊಂದು ಲೆಕ್ಕ ನೋಡಿ. ತಾಜ್ ಮಹಲ್ ನೋಡೋಕೆ ಭಾರತೀಯರಿಗೆ ಟಿಕೆಟ್ ಎಷ್ಟು? 50 ರೂಪಾಯಿ. ಗೋರಿ ಇರುವ ಮುಖ್ಯ ಕಟ್ಟಡಕ್ಕೆ ಹೋಗಬೇಕು ಅಂದರೆ ಮೇಲೆ 200. ಹದಿನೈದರೊಳಗಿನ ಮಕ್ಕಳಿಗೆ ಪ್ರವೇಶ ಉಚಿತ. ಅಂದರೆ ಯಾವ ಕಟ್ಟಡ ನೋಡೋಕೆ ಅಂತ ನೀವು ಇಷ್ಟು ದೂರ ಹೊರಟಿರೋ, ಅದಕ್ಕೆ ತಲೆಗೆ 250 ರೂಪಾಯಿ. ಮಿಕ್ಕಿದ್ದೆಲ್ಲ ಅದರ ಸುತ್ತಲಿನ ಏರ್ಪಾಡಿಗೆ. ಮೂಗಿಗಿಂತ ಮೂಗುತಿ ಭಾರ ಅಂತಾರಲ್ಲ, ಹಾಗೆ.

ಆ ಮಿಕ್ಕ ದುಡ್ಡು ಏನಾಗುತ್ತೆ? ಯಾರ ಕೈ ಸೇರುತ್ತೆ? ಇವತ್ತು ಅದನ್ನೇ ಮಾತಾಡೋಣ.

ಮೊದಲೇ ಹೇಳಿಬಿಡ್ತೀನಿ. ಐಷಾರಾಮಿ ಪ್ರವಾಸ ಪಾಪ ಅಂತ ಬುದ್ಧಿ ಹೇಳೋಕೆ ನಾನು ಇಲ್ಲಿ ಕೂತಿಲ್ಲ. ನಿಮ್ಮ ದುಡ್ಡು, ನಿಮ್ಮ ದುಡಿಮೆ. ಮೂವತ್ತು ವರ್ಷ ಮೇಷ್ಟ್ರ ಕೆಲಸ ಮಾಡಿ, ಸಾವಿರ ಮಕ್ಕಳಿಗೆ ಪಠ್ಯಪುಸ್ತಕದಲ್ಲಿ ಕುತುಬ್ ಮಿನಾರ್ ಚಿತ್ರ ತೋರಿಸಿ, ತಾವು ಒಂದು ಸಲವೂ ಅದನ್ನ ಕಣ್ಣಾರೆ ನೋಡದವರು ನಮ್ಮಲ್ಲಿ ಎಷ್ಟು ಜನ ಇಲ್ಲ? ಈಗ ಮಗನಿಗೆ ಬೆಂಗಳೂರಿನಲ್ಲಿ ಒಳ್ಳೇ ಕೆಲಸ. ಅಪ್ಪ ಅಮ್ಮನನ್ನ ಕರೆದುಕೊಂಡು ಹೋಗ್ತಾನೆ. ಅಮ್ಮನಿಗೆ ಮಂಡಿನೋವು, ಅಪ್ಪನಿಗೆ ಶುಗರ್. ಐವತ್ತು ಜನರ ಬಸ್ಸಿನಲ್ಲಿ, ಬೆಳಗ್ಗೆ ಐದಕ್ಕೆ ಎದ್ದು, 'ಹತ್ತು ನಿಮಿಷ ಟೈಮು, ಬೇಗ ಬನ್ನಿ' ಅನ್ನಿಸಿಕೊಂಡು ಓಡೋ ವಯಸ್ಸಾ ಅದು? ಅವರಿಗೆ ಸ್ವಂತ ಕಾರು, ಒಳ್ಳೇ ರೂಮು, ಬೇಕಾದಾಗ ನಿಲ್ಲಿಸೋ ಡ್ರೈವರು ಇದ್ದರೆ ಅದಕ್ಕೆ ಶೋಕಿ ಅಂತ ಹೆಸರಿಡಬಾರದು.

ಪ್ರೈವೇಟ್ ಕಾರಿನಲ್ಲಿ ಇನ್ನೊಂದು ಲಾಭ ಇದೆ. ಆಗ್ರಾದಿಂದ ಜೈಪುರಕ್ಕೆ ಸುಮಾರು 240 ಕಿಲೋಮೀಟರ್. ದಾರಿಯಲ್ಲಿ ಫತೇಪುರ್ ಸಿಕ್ರಿ ಸಿಗುತ್ತೆ. 1571ರಲ್ಲಿ ಅಕ್ಬರ್ ಕಟ್ಟೋಕೆ ಶುರು ಮಾಡಿ, 1585ರ ಹೊತ್ತಿಗೆ ಬಿಟ್ಟು ಹೋದ ರಾಜಧಾನಿ. ಇನ್ನೂ ಮುಂದೆ ಹೋಗಿ ಹೆದ್ದಾರಿ ಬಿಟ್ಟು ಸ್ವಲ್ಪ ಒಳಗೆ ತಿರುಗಿದರೆ ಆಭಾನೇರಿ ಅನ್ನೋ ಹಳ್ಳಿ. ಅಲ್ಲಿ ಚಾಂದ್ ಬಾವಡಿ ಅಂತ ಒಂದು ಮೆಟ್ಟಿಲು ಬಾವಿ. ಸಾವಿರ ವರ್ಷಕ್ಕೂ ಹಳೇದು. ಸುಮಾರು 3,500 ಮೆಟ್ಟಿಲು, ಒಂದರ ಕೆಳಗೊಂದು ಹದಿಮೂರು ಅಂತಸ್ತಿನಷ್ಟು ಆಳ. ಬಿಸಿಲ ನಾಡಿನಲ್ಲಿ ಜನ ನೀರನ್ನ ಎಷ್ಟು ಗೌರವದಿಂದ ಕಂಡಿದ್ದರು ಅನ್ನೋದು ಗೊತ್ತಾಗಬೇಕಾದರೆ ಅದನ್ನ ನೋಡಬೇಕು. ದೊಡ್ಡ ಬಸ್ಸಿನ ಪ್ಯಾಕೇಜುಗಳಲ್ಲಿ ಬಹಳಷ್ಟು ಅಲ್ಲಿ ನಿಲ್ಲಲ್ಲ. ನಿಮ್ಮದೇ ಕಾರಾದರೆ ನಿಲ್ಲಿಸಬಹುದು. ಹಾಗಾಗಿ ದುಡ್ಡು ಖರ್ಚು ಮಾಡೋದರ ಬಗ್ಗೆ ನನ್ನ ತಕರಾರಿಲ್ಲ. ಅದು ಎಲ್ಲಿ ಹೋಗಿ ಬೀಳುತ್ತೆ ಅನ್ನೋದನ್ನ ಮಾತ್ರ ಕೇಳ್ತಿದೀನಿ.

'ಮಹಾರಾಜರ ಹಾಗೆ' ಅಂತಾರಲ್ಲ, ಮಹಾರಾಜರು ಹೇಗೆ ಪ್ರವಾಸ ಹೋಗ್ತಿದ್ರು ಅಂತ ಜೈಪುರದ ಸಿಟಿ ಪ್ಯಾಲೇಸಿನಲ್ಲಿ ಸಾಕ್ಷಿ ಇದೆ. ಎರಡು ಬೆಳ್ಳಿ ಕೊಡಗಳು. ಕೊಡ ಅನ್ನೋದೇ ತಪ್ಪು, ಆಳೆತ್ತರದ ಹಂಡೆಗಳು. ಒಂದೊಂದರ ತೂಕ ಸುಮಾರು 345 ಕೆಜಿ. ಒಂದೊಂದರಲ್ಲಿ 4,000 ಲೀಟರ್ ನೀರು ಹಿಡಿಯುತ್ತೆ. 1902ರಲ್ಲಿ ಏಳನೇ ಎಡ್ವರ್ಡ್ ಪಟ್ಟಾಭಿಷೇಕಕ್ಕೆ ಜೈಪುರದ ಮಹಾರಾಜ ಎರಡನೇ ಮಾಧೋಸಿಂಗ್ ಲಂಡನ್ನಿಗೆ ಹೊರಟರು. ಪರದೇಶದ ನೀರು ಮುಟ್ಟಬಾರದು ಅಂತ ಈ ಬೆಳ್ಳಿ ಹಂಡೆಗಳಲ್ಲಿ ಗಂಗಾಜಲ ತುಂಬಿಸಿಕೊಂಡು ಹಡಗು ಹತ್ತಿದರು. ಲಂಡನ್ನಿಗೆ ಹೋದರೂ ಲಂಡನ್ನಿನ ನೀರು ಬೇಡ! ನಗಬೇಡಿ. ಆಗ್ರಾಕ್ಕೆ ಹೋಗಿ ಆಗ್ರಾದ ಒಂದು ಲೋಟ ಚಹಾ ಕುಡಿಯದೆ ವಾಪಸ್ ಬರೋ ನಾವೂ ಅದೇ ಹಡಗಿನಲ್ಲೇ ಇದೀವಿ.

ಆ ರಾಜರ ಕಾಲ ಹೋಯ್ತು. ರಾಜ್ಯಗಳು ಹೋದವು, 1971ರಲ್ಲಿ ರಾಜಧನವೂ ನಿಂತಿತು. ಅರಮನೆ ಉಳಿಸಿಕೊಳ್ಳೋದು ಹೇಗೆ? ಜೈಪುರದ ರಾಮಬಾಗ್ ಅರಮನೆ 1957ರಲ್ಲೇ ಹೋಟೆಲ್ ಆಗಿತ್ತು. ಉದಯಪುರದ ಸರೋವರದ ನಡುವಿನ ಅರಮನೆ 1963ರಲ್ಲಿ ಆಯ್ತು. 1982ರಲ್ಲಿ ರಾಜಸ್ಥಾನದಲ್ಲಿ 'ಪ್ಯಾಲೇಸ್ ಆನ್ ವೀಲ್ಸ್' ರೈಲು ಬಂತು. 2008ರಲ್ಲಿ ನಮ್ಮ ಕರ್ನಾಟಕದಲ್ಲೂ 'ಗೋಲ್ಡನ್ ಚಾರಿಯಟ್' ಹೊರಟಿತು. ಬೋಗಿಗಳಿಗೆ ಕದಂಬ, ಚಾಲುಕ್ಯ, ಹೊಯ್ಸಳ ಅಂತ ನಮ್ಮ ರಾಜವಂಶಗಳ ಹೆಸರು. ಹೀಗೆ ರಾಜವೈಭವ ರಾತ್ರಿಗಿಷ್ಟು ಅಂತ ಬಾಡಿಗೆಗೆ ಸಿಗೋ ಹಾಗಾಯ್ತು. ಇದರಲ್ಲಿ ಒಳ್ಳೇದೂ ಇದೆ. ಹೋಟೆಲ್ ಆಗದಿದ್ದರೆ ಆ ಅರಮನೆಗಳಲ್ಲಿ ಎಷ್ಟೋ ಇವತ್ತು ಪಾಳು ಬಿದ್ದಿರ್ತಿದ್ವು.

ಜೋಧಪುರದ ಉಮೇದ್ ಭವನದ ಕಥೆ ಇನ್ನೂ ಸ್ವಾರಸ್ಯ. 1929ರಲ್ಲಿ ಕಟ್ಟೋಕೆ ಶುರು ಮಾಡಿದ್ದು, ಮುಗಿದದ್ದು 1943ರಲ್ಲಿ. ಬರಗಾಲದಲ್ಲಿ ಕಂಗೆಟ್ಟ ಜನರಿಗೆ ಕೂಲಿ ಸಿಗಲಿ ಅಂತ ಎತ್ತಿಕೊಂಡ ಕಾಮಗಾರಿ ಅದು. ಅರಮನೆ ಎದ್ದಿದ್ದು ರಾಜನಿಗೇ ನಿಜ. ಆದರೆ ಹದಿನಾಲ್ಕು ವರ್ಷ ಊರಿನ ಒಲೆ ಉರಿದಿದ್ದೂ ಅದರಿಂದಲೇ. ಇದನ್ನ ನೆನಪಿಟ್ಟುಕೊಳ್ಳಿ.

ಈಗ ಆಗ್ರಾಕ್ಕೆ ಬನ್ನಿ. ನಿಮ್ಮ ಕಾರು ಎಷ್ಟೇ ದೊಡ್ಡದಿರಲಿ, ಅದು ತಾಜ್ ಮಹಲಿನ ಗೇಟಿನವರೆಗೆ ಹೋಗಲ್ಲ. ಹೊಗೆ ಬಿಡೋ ವಾಹನಕ್ಕೆ ತಾಜ್‌ನಿಂದ 500 ಮೀಟರ್ ದೂರದಲ್ಲೇ ತಡೆ. ಅಲ್ಲಿಂದ ಮುಂದೆ ಬ್ಯಾಟರಿ ಗಾಡಿ ಹತ್ತಬೇಕು, ಇಲ್ಲ ನಡೀಬೇಕು. ಲಕ್ಷ ಕೊಟ್ಟವರೂ ಅಷ್ಟೇ, ರೈಲಿನಲ್ಲಿ ನಿಂತುಕೊಂಡು ಬಂದವರೂ ಅಷ್ಟೇ. ತಪಾಸಣೆ ಎಲ್ಲರಿಗೂ ಇದೆ. ಬೀಡಿ, ಬೆಂಕಿಪೊಟ್ಟಣ, ತಿಂಡಿ ಡಬ್ಬಿ ಎಲ್ಲಾ ಹೊರಗೆ.

ಯಾಕೆ ಈ ನಿಯಮ? ಹೊಗೆ. ಎಂ.ಸಿ. ಮೆಹ್ತಾ ಅನ್ನೋ ವಕೀಲರು 1984ರಲ್ಲಿ ಸುಪ್ರೀಂ ಕೋರ್ಟಿಗೆ ಹೋದರು. ಕಾರ್ಖಾನೆಗಳ ಹೊಗೆಗೆ ಅಮೃತಶಿಲೆ ಹಳದಿಯಾಗ್ತಿದೆ ಅಂತ. ಹನ್ನೆರಡು ವರ್ಷ ವಿಚಾರಣೆ ನಡೆದು, 1996ರ ಡಿಸೆಂಬರ್ 30ಕ್ಕೆ ತೀರ್ಪು ಬಂತು. ಕಲ್ಲಿದ್ದಲು, ಕೋಕ್ ಸುಡೋ 292 ಕೈಗಾರಿಕೆಗಳು ಗ್ಯಾಸಿಗೆ ಬದಲಾಗಬೇಕು, ಇಲ್ಲಾಂದ್ರೆ ತಾಜ್ ವಲಯ ಬಿಟ್ಟು ಹೋಗಬೇಕು. ತೀರ್ಪು ಸರಿ. ತಾಜ್ ಉಳೀಬೇಕು. ಆದರೆ ಆ ಎರಕದ ಮನೆಗಳಲ್ಲಿ, ಆ ಕುಲುಮೆಗಳ ಮುಂದೆ ದುಡೀತಿದ್ದವರು ಯಾರು? ಆಗ್ರಾದ ಜನ. ಅಂದರೆ ನೀವು ನಾವು ಬೆಳ್ಳಗಿರೋ ತಾಜ್ ಮುಂದೆ ನಿಂತು ಫೋಟೋ ತೆಗೆಸಿಕೊಳ್ಳಲಿ ಅಂತ ಒಂದು ಊರು ತನ್ನ ಉದ್ಯೋಗದ ದಾರಿಯನ್ನೇ ಬದಲಿಸಿಕೊಳ್ಳಬೇಕಾಯ್ತು. ಕುಲುಮೆ ಆರಿದರೆ ಪ್ರವಾಸಿಗರ ದುಡ್ಡಾದರೂ ಬರುತ್ತೆ ಅಂತ ಆ ಊರು ಆಸೆ ಪಟ್ಟರೆ ತಪ್ಪಾ?

ಆ ದುಡ್ಡು ಬರ್ತಿದೆಯಾ ಅನ್ನೋದಕ್ಕೆ ಮುಂಚೆ ತಾಜ್ ಕಟ್ಟಿದವನ ಲೆಕ್ಕ ಹೇಗಿತ್ತು, ಅದನ್ನ ನೋಡೋಣ.

ಮುಮ್ತಾಜ್ ತೀರಿಕೊಂಡದ್ದು 1631ರಲ್ಲಿ, ಬುರ್ಹಾನ್‌ಪುರದಲ್ಲಿ. ಮರುವರ್ಷ ಆಗ್ರಾದಲ್ಲಿ ಕೆಲಸ ಶುರು. ಗುಮ್ಮಟ, ಮಿನಾರು, ತೋಟ, ಇವೆಲ್ಲ ನಮಗೆ ಗೊತ್ತು. ಆದರೆ ದಕ್ಷಿಣದ ಬಾಗಿಲಾಚೆ ಷಹಜಹಾನ್ ಇನ್ನೊಂದನ್ನ ಕಟ್ಟಿಸಿದ. ಅಂಗಡಿ ಬೀದಿಗಳು, ಮತ್ತೆ ದೂರದಿಂದ ಬಂದ ವರ್ತಕರು, ಯಾತ್ರಿಕರು ಇಳಿದುಕೊಳ್ಳೋಕೆ ಸರಾಯಿಗಳು, ಅಂದರೆ ಛತ್ರಗಳು. ಆ ಪೇಟೆಗೆ ಮುಮ್ತಾಜಾಬಾದ್ ಅಂತ ಹೆಸರು. ಇವತ್ತಿನ ತಾಜ್‌ಗಂಜ್ ಅದೇ. ಮೂವತ್ತು ಹಳ್ಳಿಗಳ ಕಂದಾಯ, ಜೊತೆಗೆ ಈ ಅಂಗಡಿ ಮತ್ತು ಸರಾಯಿಗಳ ಆದಾಯ, ಇಷ್ಟೂ ಸಮಾಧಿಯ ನಿರ್ವಹಣೆಗೆ ಅಂತ ಬರೆದಿಟ್ಟ. ತಿಳೀತಾ? ಪೇಟೆ ಕೂಡ ತಾಜ್ ಮಹಲಿನ ನಕ್ಷೆಯದ್ದೇ ಭಾಗ. ಬಂದವನು ಊರಲ್ಲಿ ಉಳೀಬೇಕು, ಉಣ್ಣಬೇಕು, ಕೊಳ್ಳಬೇಕು. ಅವನ ದುಡ್ಡಿನಲ್ಲಿ ಪೇಟೆ ಬದುಕಬೇಕು. ಪೇಟೆಯ ದುಡ್ಡಿನಲ್ಲಿ ತಾಜ್ ಬದುಕಬೇಕು. ನಮ್ಮ ದೇವಸ್ಥಾನಗಳಿಗೆ ರಾಜರು ಉಂಬಳಿ ಬಿಟ್ಟು, ಸುತ್ತ ರಥಬೀದಿ, ಪೇಟೆ ಮಾಡಿಸ್ತಿದ್ದರಲ್ಲ, ಇದೂ ಅದೇ ವ್ಯವಸ್ಥೆ.

ಇವತ್ತಿನ ಲಕ್ಷುರಿ ಟೂರು ಏನು ಮಾಡುತ್ತೆ? 2012ರಲ್ಲಿ ಯಮುನಾ ಎಕ್ಸ್‌ಪ್ರೆಸ್ ವೇ ಬಂತು. ನೋಯ್ಡಾ ಕಡೆಯಿಂದ ಆಗ್ರಾಕ್ಕೆ 165 ಕಿಲೋಮೀಟರ್ ನುಣ್ಣನೆ ರಸ್ತೆ. ದೆಹಲಿ ಹೋಟೆಲಿನಲ್ಲಿ ಬೆಳಗ್ಗೆ ತಿಂಡಿ, ತಾಜ್ ಮುಂದೆ ಫೋಟೋ, ದೊಡ್ಡ ಹೋಟೆಲಿನಲ್ಲಿ ಊಟ, ಒಂದು ದೊಡ್ಡ ಎಂಪೋರಿಯಂ, ಸಂಜೆಗೆ ವಾಪಸ್. ತಾಜ್‌ಗಂಜ್ ಗಲ್ಲಿಗೆ ಕಾಲೇ ಇಡಲ್ಲ. ಗೇಟಿನಿಂದ ಕೂಗಳತೆ ದೂರದಲ್ಲಿ ಮುನ್ನೂರೈವತ್ತು ವರ್ಷಕ್ಕೂ ಹಳೆಯ ಪೇಟೆ ಇದೆ ಅಂತ ಪ್ರವಾಸಿಗನಿಗೆ ಯಾರೂ ಹೇಳೋದೇ ಇಲ್ಲ.

ಎಂಪೋರಿಯಂ ಅಂದೆನಲ್ಲ, ಅಲ್ಲೇ ಇರೋದು ವಿಷಯ. ಆಗ್ರಾದ ಹೆಮ್ಮೆಯ ಕಸುಬು ಪಚ್ಚಿಕಾರಿ. ಮಕ್ರಾನಾದ ಅಮೃತಶಿಲೆಯಲ್ಲಿ ಕೂದಲೆಳೆಯಷ್ಟು ಸಣ್ಣ ಗುಳಿ ಕೊರೆದು, ಬಣ್ಣದ ಕಲ್ಲನ್ನ ಸಾಣೆ ಚಕ್ರಕ್ಕೆ ಹಿಡಿದು ಹೂವಿನ ಎಸಳಿನಷ್ಟು ತೆಳ್ಳಗೆ ಮಾಡಿ, ಆ ಗುಳಿಯಲ್ಲಿ ಕೂರಿಸೋದು. ತಾಜ್ ಗೋಡೆಯ ಹೂಬಳ್ಳಿಗಳೆಲ್ಲ ಹಾಗೆ ಆದದ್ದು. ಇವತ್ತಿಗೂ ಆಗ್ರಾದ ಗಲ್ಲಿಗಳಲ್ಲಿ ಈ ಕೆಲಸ ಬಲ್ಲ ಕುಟುಂಬಗಳಿವೆ. ಒಂದು ತಟ್ಟೆಗೆ ವಾರಗಟ್ಟಲೆ ಕೆಲಸ. ಕತ್ತು ಬಗ್ಗಿಸಿ, ಕಣ್ಣು ಸವೆಸಿ ಮಾಡಬೇಕು. ನೀವು ಎಂಪೋರಿಯಂನಲ್ಲಿ ಆ ತಟ್ಟೆಗೆ ಕೊಡೋ ದುಡ್ಡಿನಲ್ಲಿ ಕರೆದುಕೊಂಡು ಬಂದ ಗೈಡಿಗೆ ಪಾಲು, ಡ್ರೈವರಿಗೆ ಪಾಲು, ಕೆಲವು ಕಡೆ ಟೂರು ಕಂಪನಿಗೂ ಪಾಲು. ಇದು ಆ ಧಂಧೆಯಲ್ಲಿ ಎಲ್ಲರಿಗೂ ಗೊತ್ತಿರೋ ಗುಟ್ಟು. ಪಾಲೆಲ್ಲ ಹಂಚಿ ಮುಗಿದ ಮೇಲೆ ಕಲ್ಲು ಕೊರೆದವನ ಕೈಗೆ ಏನು ಉಳಿಯುತ್ತೆ? ನೀವೇ ಊಹೆ ಮಾಡಿ.

ಅಷ್ಟೇ ಆಗಿದ್ದರೆ ಹೋಗಲಿ ಅನ್ನಬಹುದಿತ್ತು. ಅಮೃತಶಿಲೆ ಅಂತ ಹೇಳಿ ಬಳಪದ ಕಲ್ಲು ಮಾರೋರೂ ಇದ್ದಾರೆ. ನಮ್ಮವರಿಗೆ ಬಳಪದ ಕಲ್ಲು ಗೊತ್ತೇ ಇದೆ. ಬೇಲೂರು, ಹಳೇಬೀಡಿನ ಅಷ್ಟು ಸೂಕ್ಷ್ಮ ಕೆತ್ತನೆ ಸಾಧ್ಯವಾಗಿದ್ದೇ ಆ ಮೆದು ಕಲ್ಲಿನಿಂದ. ಅದು ಕೀಳು ಕಲ್ಲಲ್ಲ. ಆದರೆ ಅಮೃತಶಿಲೆಯ ಬೆಲೆಗೆ ಅದನ್ನ ಮಾರೋದು ಮೋಸ. ಅಂಗಡಿಯಲ್ಲಿ ಒಂದು ಕೆಲಸ ಮಾಡಿ. ತಟ್ಟೆ ತಿರುಗಿಸಿ, ಹಿಂಬದಿಯಲ್ಲಿ ಉಗುರಿನಿಂದ ಗೀರಿ. ಗೀರು ಬಿದ್ದರೆ ಅದು ಅಮೃತಶಿಲೆ ಅಲ್ಲ. ಮೊಬೈಲಿನ ಟಾರ್ಚು ಹಿಡಿದಾಗ ಬೆಳಕು ಒಳಗೆ ಇಳಿದು ಹೊಳೆದರೆ ಅದೂ ಒಂದು ಗುರುತು. ಅಂಗಡಿಯವನು 'ಏನ್ ಮೇಡಂ ಇದು' ಅಂದರೆ ಅಂದುಕೊಳ್ಳಲಿ ಬಿಡಿ.

ಇಲ್ಲಿ ಗೈಡುಗಳನ್ನ ಬೈಯೋದು ಸುಲಭ. ಆದರೆ ನ್ಯಾಯವಾಗಿ ನೋಡಿ. ಪ್ಯಾಕೇಜಿನಲ್ಲಿ ಹೋಟೆಲಿಗೆ ಇಷ್ಟು, ಕಾರಿಗೆ ಇಷ್ಟು ಅಂತ ನಾವು ಚೌಕಾಸಿ ಮಾಡ್ತೀವಿ. ಗೈಡಿಗೆ ಎಷ್ಟು ಕೊಡ್ತೀರಿ ಅಂತ ಯಾರಾದರೂ ಕೇಳ್ತೀವಾ? ಕೇಳಲ್ಲ. ಅವನ ದಿನಗೂಲಿಯಲ್ಲಿ ಉಳಿತಾಯ ಮಾಡಿ, ಆ ಕೊರತೆಯನ್ನ ಅಂಗಡಿ ಕಮಿಷನ್ನಿನಲ್ಲಿ ತುಂಬಿಕೋ ಅಂತ ಅವನನ್ನ ಬಿಟ್ಟರೆ ಅವನೇನು ಮಾಡ್ತಾನೆ? ತಾಜ್‌ನಲ್ಲಿ ಒಂದು ಗಂಟೆ, ಅಂಗಡಿಯಲ್ಲಿ ಎರಡು ಗಂಟೆ. ಅಲ್ಲಿಗೆ ನೀವು ಲಕ್ಷ ಕೊಟ್ಟು ಕೊಂಡ ಪ್ರವಾಸದ ಮೂಲ ವಸ್ತುವೇ ಕೈಬಿಟ್ಟು ಹೋಯ್ತು. ದೇಶ ಸುತ್ತು, ಕೋಶ ಓದು ಅಂತಾರೆ. ಒಳ್ಳೇ ಗೈಡು ಸಿಕ್ಕರೆ ಎರಡೂ ಒಟ್ಟಿಗೇ ಆಗುತ್ತೆ. ಆಗ್ರಾ ಕೋಟೆಯಲ್ಲಿ ನಿಂತು, 'ನೋಡಿ, ಮಗ ಔರಂಗಜೇಬನ ಸೆರೆಯಲ್ಲಿ ಷಹಜಹಾನ್ 1658ರಿಂದ 1666ರವರೆಗೆ, ಸಾಯೋತನಕ, ಈ ಕೋಟೆಯಲ್ಲೇ ಇದ್ದ. ಇಲ್ಲಿಂದ ತಾಜ್ ಎಷ್ಟು ದೂರ ಕಾಣುತ್ತೆ ನೋಡಿ' ಅಂತ ಅವನು ಹೇಳಿ ಸುಮ್ಮನಾದರೆ ಸಾಕು. ಆ ಎರಡು ನಿಮಿಷಕ್ಕೆ ಐದು ನಕ್ಷತ್ರ ಏನು, ಏಳು ನಕ್ಷತ್ರದ ಹೋಟೆಲೂ ಸಮ ಅಲ್ಲ.

ಜೈಪುರದ ಮಾತಿಗೆ ಬರೋಣ. 1727ರಲ್ಲಿ ಸವಾಯಿ ಜೈಸಿಂಗ್ ಕಟ್ಟಿಸಿದ ಊರು. ನಕ್ಷೆ ಹಾಕುವಲ್ಲಿ ನೆರವಾದವರು ಬಂಗಾಳ ಮೂಲದ ವಿದ್ಯಾಧರ ಭಟ್ಟಾಚಾರ್ಯ. ಚೌಕ ಚೌಕವಾಗಿ ಬಡಾವಣೆ, ನೇರ ಹೆದ್ದಾರಿ, ಹೆದ್ದಾರಿಯ ಎರಡೂ ಕಡೆ ಒಂದೇ ಅಳತೆಯ ಅಂಗಡಿ ಸಾಲು. ಬೇರೆ ಬೇರೆ ಕಡೆಯಿಂದ ವರ್ತಕರನ್ನ, ಕಸುಬುದಾರರನ್ನ ಕರೆಸಿ ಜಾಗ ಕೊಟ್ಟರು. ಜೋಹರಿ ಬಜಾರಿನಲ್ಲಿ ರತ್ನ ವ್ಯಾಪಾರ, ತ್ರಿಪೋಲಿಯಾ ಬಜಾರಿನಲ್ಲಿ ಪಾತ್ರೆಪಗಡಿ. ಆ ಊರಿಗೆ ಬಣ್ಣ ಬಳಿದದ್ದು ಆಮೇಲೆ, 1876ರಲ್ಲಿ, ಬ್ರಿಟನ್ನಿನ ಯುವರಾಜ ಬರ್ತಾನೆ ಅಂತ. 2019ರಲ್ಲಿ ಯುನೆಸ್ಕೋ ಜೈಪುರದ ಹಳೇ ಊರನ್ನ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತಲ್ಲ, ಒಂದು ಅರಮನೆಗೆ ಸಿಕ್ಕ ಮಾನ್ಯತೆ ಅದಲ್ಲ. ವ್ಯಾಪಾರಕ್ಕೆ ಅಂತಲೇ ಯೋಜನೆ ಹಾಕಿ ಕಟ್ಟಿದ, ಇವತ್ತಿಗೂ ವ್ಯಾಪಾರ ನಡೀತಿರೋ ಊರಿಗೆ ಸಿಕ್ಕಿದ್ದು. ಅಂದರೆ ಅಲ್ಲಿ ಅಂಗಡಿ ಬೀದಿಯೇ ಸ್ಮಾರಕ.

ಆ ಬೀದಿಯಲ್ಲೇ ಹವಾ ಮಹಲ್ ಇದೆ. 1799ರದ್ದು. ಐದು ಅಂತಸ್ತು, 953 ಕಿಟಕಿ. ರಾಣಿವಾಸದ ಹೆಂಗಸರು ಜಾಲಂಧ್ರದ ಹಿಂದೆ ನಿಂತು ಬೀದಿಯ ಮೆರವಣಿಗೆ ನೋಡಲಿ, ಬೀದಿಯವರಿಗೆ ಅವರು ಕಾಣಬಾರದು ಅಂತ ಕಟ್ಟಿಸಿದ್ದು. ಈಗ ನಮ್ಮ ಲಕ್ಷುರಿ ಪ್ರವಾಸಿ ಅದರ ಎದುರು ಕಾರು ನಿಲ್ಲಿಸಿ, ಕಪ್ಪು ಗಾಜಿನ ಹಿಂದಿನಿಂದಲೇ ಫೋಟೋ ಹೊಡೆದು ಮುಂದೆ ಹೋಗ್ತಾನೆ. ಅವನು ಕೂತಿರೋದೇ ಚಕ್ರ ಇರೋ ಹವಾ ಮಹಲ್ ಅಲ್ವಾ? ಊರು ಅವನಿಗೆ ಕಾಣುತ್ತೆ, ಊರಿಗೆ ಅವನು ಕಾಣಲ್ಲ. ಆ ರಾಣಿಯರಿಗೆ ಬೀದಿಗೆ ಇಳಿಯೋ ಸ್ವಾತಂತ್ರ್ಯ ಇರಲಿಲ್ಲ. ನಮಗೆ ಇದೆ. ಇದ್ದೂ ಇಳಿಯಲ್ಲ.

'ಸಾರ್, ಬೀದಿಯಲ್ಲಿ ಕಾಟ ಕೊಡ್ತಾರೆ, ಮೋಸ ಮಾಡ್ತಾರೆ' ಅಂತೀರಿ. ಸರಿ, ಕೊಡ್ತಾರೆ. ಹೆಣ್ಣುಮಕ್ಕಳ ಜೊತೆ ಹೋಗೋರಿಗೆ ಭಯ ಇರೋದೂ ಸಹಜ. ಅದಕ್ಕೇ ಅಲ್ವಾ ನಿಮ್ಮ ಜೊತೆ ಒಬ್ಬ ಗೈಡು ಇರೋದು? ಅವನ ಜೊತೆ ಒಂದು ಗಂಟೆ ಪೇಟೆಯಲ್ಲಿ ನಡೀರಿ. ಗಲ್ಲಿಯ ಜಗಳವನ್ನೂ ಸೇರಿಸಿ ನೋಡಿದರೇ ಅದು ಜೈಪುರ.

ಇದು ಬರೀ ಉತ್ತರದ ಕಥೆ ಅಂತ ಸಮಾಧಾನ ಪಟ್ಟುಕೊಳ್ಳಬೇಡಿ. ನಮ್ಮ ಹಂಪಿ ಇದೆಯಲ್ಲ. 1986ರಲ್ಲಿ ಯುನೆಸ್ಕೋ ಪಟ್ಟಿ ಸೇರಿತು. ಹದಿನಾರನೇ ಶತಮಾನದಲ್ಲಿ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಬಂದಾಗ ಕಣ್ಣರಳಿಸಿ ಬರೆದದ್ದು ಆ ಊರಿನ ಪೇಟೆಗಳ ಬಗ್ಗೆ ಕೂಡ. ವಿರೂಪಾಕ್ಷನ ಮುಂದಿನ ಆ ಬೀದಿಯ ಕಲ್ಲು ಮಂಟಪಗಳಲ್ಲಿ ನಮ್ಮ ಕಾಲದಲ್ಲಿ ಜನ ಸಣ್ಣ ಹೋಟೆಲು, ಅಂಗಡಿ, ಮನೆ ಮಾಡಿಕೊಂಡಿದ್ದರು. 2011ರ ಜುಲೈಯಲ್ಲಿ ಜೆಸಿಬಿ ಬಂತು. ಸ್ಮಾರಕದ ಮೇಲೆ ಕಾಂಕ್ರೀಟ್ ಕಟ್ಟೋದು ತಪ್ಪು, ಕಾನೂನು ಹಾಗೇ ಹೇಳುತ್ತೆ, ಆ ಮಾತನ್ನ ನಾನು ಒಪ್ತೀನಿ. ಆದರೆ ಮನೆ ಖಾಲಿ ಮಾಡಿಸಿದ ಮೇಲೆ ಆ ಕುಟುಂಬಗಳು ಹೊಸ ಜಾಗಕ್ಕೆ, ಪರಿಹಾರಕ್ಕೆ ಅಂತ ಅಲೆದದ್ದು ಎಷ್ಟು? ಬಂದ ಪ್ರವಾಸಿಗೆ ಇಡ್ಲಿ ಬಡಿಸಿ, 'ತೇರಿನ ದಿನ ಬನ್ನಿ ಸಾರ್, ಆಗ ನೋಡಬೇಕು ಹಂಪಿನ' ಅಂತಿದ್ದ ಬಾಯಿ ಈಗ ಆ ಬೀದಿಯಲ್ಲಿ ಇಲ್ಲ. ದೂರದ ರೆಸಾರ್ಟಿನಿಂದ ಕಾರಿನಲ್ಲಿ ಬಂದು, ಕಲ್ಲಿನ ರಥ ನೋಡಿ, ಕತ್ತಲಾಗೋ ಮುಂಚೆ ರೆಸಾರ್ಟಿಗೆ ವಾಪಸ್ ಹೋಗೋರಿಗೆ ಇದರಿಂದ ಏನೂ ವ್ಯತ್ಯಾಸ ಆಗಲಿಲ್ಲ. ವ್ಯತ್ಯಾಸ ಆದದ್ದು ಊರಿಗೆ. ಸ್ಮಾರಕ ಉಳಿಸೋದು ಹೇಗೆ, ಅದರ ಜೊತೆ ಬದುಕ್ತಿರೋ ಜನರನ್ನ ಉಳಿಸಿಕೊಳ್ಳೋದು ಹೇಗೆ? ಎರಡನ್ನೂ ಒಟ್ಟಿಗೇ ಯೋಚನೆ ಮಾಡದೆ ಇದ್ದರೆ ನಮ್ಮ ಕೈಯಲ್ಲಿ ಉಳಿಯೋದು ಟಿಕೆಟ್ ಕೌಂಟರು ಮಾತ್ರ.

ಹಾಗಾದರೆ ಏನು ಮಾಡಬೇಕು? ಹೋಗಬೇಡಿ ಅಂತೀನಾ? ಖಂಡಿತ ಇಲ್ಲ. ಹೋಗಿ. ಧಾರಾಳವಾಗಿ ಖರ್ಚು ಮಾಡಿ. ಬುಕ್ ಮಾಡೋ ಮುಂಚೆ ಕೆಲವು ಪ್ರಶ್ನೆ ಕೇಳಿ.

ಮೊದಲನೇದು, ಗೈಡು ಯಾರು? ಸರ್ಕಾರದ ಪರವಾನಗಿ ಇದೆಯಾ? ಅವರಿಗೆ ದಿನಕ್ಕೆ ಎಷ್ಟು ಕೊಡ್ತೀರಿ? ಬೇಕಾದರೆ ಹೋಟೆಲನ್ನ ಒಂದು ದರ್ಜೆ ಇಳಿಸಿ, ಆ ದುಡ್ಡನ್ನ ಗೈಡಿಗೆ ಹಾಕಿ ಅಂತ ಹೇಳಿ. ರಾತ್ರಿಗೆ 7,500 ರೂಪಾಯಿ ದಾಟಿದ ರೂಮಿಗೆ ಸರ್ಕಾರಕ್ಕೇ ಶೇಕಡಾ 18 ಜಿಎಸ್‌ಟಿ ಕಟ್ತೀರಿ. ಊರು ಅರ್ಥ ಮಾಡಿಸೋನಿಗೆ ಅಷ್ಟಾದರೂ ಕೊಡೋದು ಬೇಡವಾ?

ಎರಡನೇದು, ಶಾಪಿಂಗ್ ನಿಲುಗಡೆ ಎಷ್ಟು? 'ಒಂದೂ ಬೇಡ, ಬೇಕಾದರೆ ನಾವೇ ಕೇಳ್ತೀವಿ' ಅಂತ ಬರವಣಿಗೆಯಲ್ಲಿ ತಗೊಳ್ಳಿ. ಕೊಳ್ಳೋ ಮನಸ್ಸಿದ್ದರೆ ಕಸುಬುದಾರ ಕೂತು ಕೆಲಸ ಮಾಡೋ ಜಾಗಕ್ಕೇ ಕರೆದುಕೊಂಡು ಹೋಗಿ ಅನ್ನಿ.

ಮೂರನೇದು, ಡ್ರೈವರ್ ರಾತ್ರಿ ಎಲ್ಲಿ ಮಲಗ್ತಾನೆ? ಬಾಟಾ ಎಷ್ಟು? ನೀವು ಅರಮನೆಯಲ್ಲಿ ಮಲಗಿ, ಅವನು ಪಾರ್ಕಿಂಗಿನಲ್ಲಿ ಕಾರಿನ ಸೀಟಿನಲ್ಲೇ ರಾತ್ರಿ ಕಳೆದರೆ, ಮಾರನೇ ದಿನ ಎಕ್ಸ್‌ಪ್ರೆಸ್ ವೇ ಮೇಲೆ ನಿಮ್ಮ ಇಡೀ ಸಂಸಾರದ ಜೀವ ಅವನ ನಿದ್ದೆಗಣ್ಣಿನ ಕೈಯಲ್ಲಿರುತ್ತೆ. ಡಿಸೆಂಬರ್, ಜನವರಿಯಲ್ಲಿ ಆ ಕಡೆ ಮಂಜು ಹೇಗಿರುತ್ತೆ ಅಂದರೆ ಮುಂದಿನ ಗಾಡಿಯ ದೀಪವೂ ಕಾಣಲ್ಲ. ಆ ತಿಂಗಳುಗಳಲ್ಲಿ ನಸುಕಿನ ರಸ್ತೆ ಪ್ರಯಾಣ ಬೇಡ ಅಂತ ಖಡಾಖಂಡಿತವಾಗಿ ಹೇಳಿ. ತಾಜ್ ಕೂಡ ಆ ಹೊತ್ತಿಗೆ ಮಂಜಿನಲ್ಲಿ ಮುಳುಗಿರುತ್ತೆ.

ನಾಲ್ಕನೇದು, ವಾರ ನೋಡಿಕೊಳ್ಳಿ. ಶುಕ್ರವಾರ ತಾಜ್ ಮಹಲಿಗೆ ರಜೆ. ಸೋಮವಾರ ದೆಹಲಿಯ ಕೆಂಪು ಕೋಟೆಗೆ ರಜೆ. ಯಾವ ಲಕ್ಷುರಿ ಕಂಪನಿಯೂ ಆ ಬಾಗಿಲು ತೆಗೆಸಲಾರದು. ಹುಣ್ಣಿಮೆ ಮತ್ತು ಅದರ ಹಿಂದೆ ಮುಂದೆ ಎರಡೆರಡು ರಾತ್ರಿ, ಹೀಗೆ ತಿಂಗಳಿಗೆ ಐದು ರಾತ್ರಿ ತಾಜ್ ನೋಡೋಕೆ ಬಿಡ್ತಾರೆ. ಶುಕ್ರವಾರ ಮತ್ತು ರಂಜಾನ್ ತಿಂಗಳಲ್ಲಿ ಅದೂ ಇಲ್ಲ. ಟಿಕೆಟ್ ಮೊದಲೇ ತಗೋಬೇಕು.

ಕೊನೇದು, ಆಗ್ರಾದಲ್ಲಿ ಒಂದು ರಾತ್ರಿ ಉಳೀರಿ. ಸಂಜೆ ಯಮುನೆಯ ಆಚೆ ದಡಕ್ಕೆ, ಮೆಹ್ತಾಬ್ ಬಾಗ್ ತೋಟಕ್ಕೆ ಹೋಗಿ ಕೂತುಕೊಳ್ಳಿ. ಬೆಳಗ್ಗೆ ತಾಜ್ ನೋಡಿದ ಮೇಲೆ ತಾಜ್‌ಗಂಜ್‌ನ ಒಂದು ಗಲ್ಲಿಯಲ್ಲಿ ನಡೀರಿ. ಒಂದು ಅಂಗಡಿಯಲ್ಲಿ ಚಹಾ ಕುಡೀರಿ, ಅರ್ಧ ಕೆಜಿ ಪೇಠಾ ಕಟ್ಟಿಸಿಕೊಳ್ಳಿ. ದೊಡ್ಡ ಮೊತ್ತವೇನಲ್ಲ. ಆದರೆ ಷಹಜಹಾನ್ ಹಾಕಿಟ್ಟ ಲೆಕ್ಕದಲ್ಲಿ ಪ್ರವಾಸಿಯ ದುಡ್ಡು ಮೊದಲು ಬೀಳಬೇಕಿದ್ದ ಜಾಗ ಅದೇ ಪೇಟೆ. ಆ ಪೇಟೆಯವರು ಇವತ್ತಿಗೂ ಬೆಳಗ್ಗೆ ಬಾಗಿಲು ತೆಗೆದು, ಗೇಟಿನ ಕಡೆಯಿಂದ ಯಾರಾದರೂ ಈ ಕಡೆ ತಿರುಗ್ತಾರಾ ಅಂತ ನೋಡ್ತಾ ಕೂತಿರ್ತಾರೆ.

ಊರಿಗೆ ವಾಪಸ್ ಬಂದ ಮೇಲೆ ಪಕ್ಕದ ಮನೆಯವರು ಕೇಳೇ ಕೇಳ್ತಾರೆ, ಹೆಂಗಿತ್ತು ಟೂರು ಅಂತ. ಹೋಟೆಲಿನ ಬಾತ್‌ರೂಮಿನ ಫೋಟೋ ತೋರಿಸಬಹುದು, ಪರವಾಗಿಲ್ಲ. ಅದರ ಜೊತೆ ಆ ಊರಿನ ಇಬ್ಬರೋ ಮೂವರೋ ಮನುಷ್ಯರ ಹೆಸರೂ ನಿಮ್ಮ ಬಾಯಲ್ಲಿ ಬರಲಿ. ಕಥೆ ಹೇಳಿದ ಗೈಡು, ಕಾರು ಓಡಿಸಿದ ಡ್ರೈವರು, ಕಲ್ಲು ಕೊರೀತಾ ಕೂತಿದ್ದ ಮುದುಕ. ಒಬ್ಬರ ಹೆಸರೂ ಬರಲಿಲ್ಲ ಅಂದರೆ, ಆ ಲಕ್ಷ ರೂಪಾಯಿಗೆ ನೀವು ಕೊಂಡಿದ್ದು ಬರೀ ಕಾರಿನ ಗಾಜು.

ಯೋಚನೆ ಮಾಡಿ. ನಾಳೆ ರಾಜಕೀಯ ಮಾತಾಡೋಣ.